ಹೌದರ ಅನ್ರಿ, ಇಲ್ಲರ ಅನ್ರಿ

೧೨ ಫೆಬ್ರುವರಿ ೨೦೦೭, ಸೋಮವಾರ

ಬೈಯಬೇಕಾದ್ದನ್ನೆಲ್ಲ ಬಾಯಿಂದಲೇ ಬೈದರೆ ಈ ಊರಿನಲ್ಲಿ ನಾನು ಸತ್ತಾಗ ಹೊರಲು ನಾಲ್ಕು ಮಂದಿ ಸಿಗುವುದಿಲ್ಲ. ಅದಕ್ಕೆ ಬಾಯಲ್ಲಿ ಉಳಿದದ್ದನ್ನು ಇಲ್ಲಿ ಬರೆಯುತ್ತೇನೆ. ಗೊಬ್ಬರದ ಅಂಗಡಿಯವನು ಪ್ರತಿ ವರ್ಷ ನನ್ನ ಮಗನಿಗೆ ಡೈರಿ ಕಳಿಸುತ್ತಿದ್ದ. ಮಗ ಸತ್ತದ್ದು ಗೊತ್ತಿಲ್ಲದೆ ಈ ವರ್ಷವೂ ಕಳಿಸಿದ್ದಾನೆ. ನಾಲ್ಕನೆಯ ಇಯತ್ತೆಯವರೆಗೆ ಕಲಿತ ಅಕ್ಷರ ಇಷ್ಟಕ್ಕೆ ಸಾಕು.

ಇವತ್ತು ಠಾಣೆಯಿಂದ ಲಕ್ಕಪ್ಪ ಎಂಬ ಪೊಲೀಸ ಬಂದಿದ್ದ. ಹೋದ ಕಾರ್ತಿಕದಲ್ಲಿ ಮಗ ಅಂದಾನೆಪ್ಪ ಕಾಮಣಿ ಬೇನೆಯಾಗಿ ತೀರಿಕೊಂಡಾಗ ಬಂದು ಗೋಡೆಯ ಮೇಲಿನ ಬಂದೂಕನ್ನು ಇಳಿಸಿಕೊಂಡು ಹೋದವನೂ ಇವನೇ. ಲೈಸೆನ್ಸಿದ್ದವನು ಸತ್ತರೆ ಬಂದೂಕು ಠಾಣೆಗೆ ಹೋಗಬೇಕಂತೆ. ಮನುಷ್ಯನನ್ನು ಮಣ್ಣು ಮಾಡಿ ಬಂದು ಕೈ ತೊಳೆಯುವಷ್ಟರಲ್ಲಿ ಬಾಗಿಲಲ್ಲಿ ನಿಂತಿದ್ದ. ಒಯ್ಯುವುದರಲ್ಲಿ ಎಂಥ ಚುರುಕು.

ಅದು ಒಂಟಿ ನಳಿಗೆಯ ಬಂದೂಕು. ಮಾವನಿಂದ ನನ್ನ ಗಂಡನ ಹೆಸರಿಗೆ, ಗಂಡನಿಂದ ಮಗನ ಹೆಸರಿಗೆ ಬಂದದ್ದು. ನಮ್ಮ ಹೊಲ ಕಿತ್ತೂರಿನ ಪಡುವಣಕ್ಕೆ, ಅಡವಿಗೆ ಹತ್ತಿಕೊಂಡು ಇದೆ. ಹಂದಿಯ ಹಿಂಡು ಹೊಕ್ಕರೆ ಗೋವಿನಜೋಳದ ಪಟ್ಟಿ ಬೆಳಗಾಗುವುದರೊಳಗೆ ಹಾಸಿಗೆಯಂತೆ ಮಲಗಿರುತ್ತದೆ. ಹಂದಿ ಕೊಲ್ಲಲು ಅಲ್ಲ, ಗಾಳಿಯಲ್ಲಿ ಒಂದು ಗುಂಡು ಹಾರಿಸಿದರೆ ಸಾಕು, ಬಹಳ ದಿನ ಅತ್ತ ಮೂತಿ ಹಾಕುವುದಿಲ್ಲ.

ಈಗ ಆ ಬಂದೂಕು ತನ್ನ ಹೆಸರಿಗೆ ಬೇಕೆಂದು ಸಂಪಗಾಂವದಾಕೆ ಅರ್ಜಿ ಹಾಕಿದ್ದಾಳೆ. ಸಂಪಗಾಂವದಾಕೆ ಎಂದರೆ ನನ್ನ ಸೊಸೆ. ಅನ್ನಪೂರ್ಣಾ ಎಂದು ಹೆಸರಿದೆ, ನಾನು ಹಾಗೆ ಕರೆದದ್ದಿಲ್ಲ. ತವರೂರಿನ ಹೆಸರೇ ಸಾಕು. ಗಂಡ ಹೋಗಿ ಮೂರು ತಿಂಗಳಾಗಿಲ್ಲ, ಅವನ ಹೆಸರು ಅಳಿಸಿ ತನ್ನದನ್ನು ಬರೆಸುವ ಅವಸರ. ಹೊಲ ತಾನೇ ಮಾಡುತ್ತಾಳಂತೆ. ಮಾಡಲಿ. ಬಂದೂಕು ಹೆಂಗಸರ ಕೈಗೆ ಯಾಕೆ?

ಅರ್ಜಿ ಹಾಕಿದವರು ಎಂಥವರು ಎಂದು ವಿಚಾರಿಸಿ ಬರೆದುಕೊಂಡು ಹೋಗಬೇಕಂತೆ ಲಕ್ಕಪ್ಪ. ನಮ್ಮ ಚಹಾ ಕುಡಿದು, ಕಾಲು ಚಾಚಿ ಕೇಳಿದ: "ಆಯಿ, ನಿಮ್ಮ ಸೊಸಿ ಸ್ವಭಾವ ಹೆಂಗೈತ್ರಿ?"

"ಆಕಿ ಬಾಯಾಗ ಮೊದ್ಲ ಒಂದು ಬಂದೂಕ ಐತಿ. ಮತ್ತೊಂದು ಕೊಟ್ರ ಊರ ಖಾಲಿ ಆಗತೈತಿ ನೋಡಪಾ," ಎಂದೆ.

ಚಹಾ ಚೆಲ್ಲುವ ಹಾಗೆ ನಕ್ಕ. ನಗುತ್ತಲೇ ಬರೆದುಕೊಂಡ. ಆಕೆ ಒಳಗೆ ರೊಟ್ಟಿ ಬಡಿಯುತ್ತಿದ್ದಳು, ಕೇಳಿಸಿರಬೇಕು, ಬಡಿಯುವ ಸಪ್ಪಳ ನಿಂತು ಮತ್ತೆ ಶುರುವಾಯಿತು. ಹೊರಗಿನವರ ಮುಂದೆ ಮನೆಯ ಸೊಸೆಯನ್ನು ಹೊಗಳಿ ದೃಷ್ಟಿ ತಗುಲಿಸುವ ಮೂರ್ಖಳು ನಾನಲ್ಲ. ಹೊಗಳಲು ಏನಿದೆ, ಅದು ಬೇರೆ ಮಾತು.

೨೧ ಆಗಸ್ಟ್ ೨೦೦೭, ಮಂಗಳವಾರ

ಥೂ. ಜಿಲ್ಲೆಯ ದೊಡ್ಡ ಕಚೇರಿಗೆ ಹೋಗಿ ಬಂದೆವು. ಗಂಡಿಲ್ಲದ ಮನೆ, ಸಂಪಗಾಂವದಾಕೆಯನ್ನು ಒಬ್ಬಳನ್ನೇ ಕಳಿಸಿದರೆ ಊರು ಮಾತಾಡುತ್ತದೆ, ಅದಕ್ಕೆ ಹೋದೆ. ಮೊಮ್ಮಗಳು ಮೀನಾಳನ್ನು ಪಕ್ಕದ ಮನೆಯಲ್ಲಿ ಬಿಟ್ಟಿದ್ದೆವು.

ಠಾಣೆಯವರು ವರದಿ ತಾಲೂಕಿಗೆ ಕಳಿಸಿದೆವು ಅನ್ನುತ್ತಾರೆ. ತಾಲೂಕಿನವರು ಜಿಲ್ಲೆಗೆ ಕಳಿಸಿದೆವು ಅನ್ನುತ್ತಾರೆ. ಜಿಲ್ಲೆಯಲ್ಲಿ ಗುಮಾಸ್ತನೊಬ್ಬ, ಹೊಟ್ಟೆ ಮೇಜಿನ ಮೇಲಿಟ್ಟು ಕೂತವನು, ತಲೆ ಎತ್ತದೆ "ಪರಿಶೀಲನೆಯಲ್ಲಿದೆ" ಎಂದ. ಪರಿಶೀಲನೆ ಅಂದರೆ ಏನು ಎಂದು ಕೇಳಿದೆ. ಸಾಹೇಬರು ನೋಡಬೇಕು ಎಂದ. ನೋಡಲು ಎಷ್ಟು ಹೊತ್ತು ಬೇಕು, ಎರಡು ಹಾಳೆಯಲ್ಲವೇ ಎಂದೆ. ಊಟಕ್ಕೆ ಎದ್ದು ಹೋದ. ಬಂದ ಮೇಲೂ ಅದೇ ಮಾತು, ಬಾಯಲ್ಲಿ ಎಲೆ ಅಡಿಕೆ ಹೆಚ್ಚು.

ಮೆಟ್ಟಿಲಿನ ಮೂಲೆಮೂಲೆಗೂ ಉಗುಳಿ ಕೆಂಪು ಮಾಡಿದ್ದಾರೆ. ದೇವರ ಚಿತ್ರದ ಹಂಚು ಹಚ್ಚಿದ್ದಾರೆ ಉಗುಳಬಾರದೆಂದು, ದೇವರ ಮೊಣಕಾಲ ತನಕ ಬಿಟ್ಟು ಅದರ ಕೆಳಗೆ ಉಗುಳಿದ್ದಾರೆ. ಲೆಕ್ಕ ತಪ್ಪಿಲ್ಲ.

ನಾನು ಗುಮಾಸ್ತನಿಗೆ ನಾಲ್ಕು ಮಾತು ಕೊಟ್ಟು ಬಂದೆ. ಈಕೆ ಮಾತ್ರ ಸೆರಗು ಹೊದ್ದು, ಕೈ ಕಟ್ಟಿ, "ಮತ್ತ ಯಾವಾಗ ಬರ್ಲಿರಿ ಸರ್" ಎಂದು ಕೇಳುತ್ತ ನಿಂತಿದ್ದಳು. ಸರ್ ಅಂತೆ. ಅಂಥವನಿಗೆ ಸರ್. ಬಸ್ಸಿನಲ್ಲಿ ಬೈದೆ. ಕಿಟಕಿಯ ಹೊರಗೆ ನೋಡುತ್ತ ಕೂತಳು.

೩ ನವೆಂಬರ್ ೨೦೦೭, ಶನಿವಾರ

ಕೆಳಗಿನ ಪಟ್ಟಿಯ ಗೋವಿನಜೋಳ ಹಂದಿಗೇ ಹೋಯಿತು. ತೆನೆ ತಿಂದದ್ದಕ್ಕಿಂತ ಉರುಳಿಸಿದ್ದು ಹೆಚ್ಚು. ಸಂಪಗಾಂವದಾಕೆ ಹೊತ್ತು ಮುಳುಗುತ್ತಲೇ ಎಣ್ಣೆಯ ತಗಡಿನ ಡಬ್ಬಿ ಹಿಡಿದು ಹೊಲದ ಬದುವಿನ ಮೇಲೆ ಬಾರಿಸುತ್ತ ತಿರುಗುತ್ತಾಳೆ, ಹೋಳಿಯ ಹುಡುಗರ ಹಾಗೆ. ನೋಡಿದವರು ನಗುತ್ತಾರೆ. ಹಂದಿಗೂ ರೂಢಿಯಾಗಿದೆ, ಡಬ್ಬಿ ಕೇಳಿದರೆ ಊಟಕ್ಕೆ ಕರೆದರೆಂದು ತಿಳಿಯುತ್ತವೆಯೋ ಏನೋ.

ಮೈದುನ ನಿಜಗುಣಪ್ಪ ಬಂದಿದ್ದ. ನಮ್ಮ ಹೊಲದ ಮಗ್ಗುಲಲ್ಲೇ ಅವನ ಹೊಲ. ಹೆಂಗಸಿನ ಹೆಸರಿಗೆ ಬಂದೂಕು ಎಂದೂ ಆಗುವುದಿಲ್ಲ, ನನ್ನ ಹೆಸರಿಗೆ ಬರೆದುಕೊಡಿ ವೈನಿ, ಎರಡೂ ಹೊಲ ನಾನೇ ಕಾಯುತ್ತೇನೆ ಎಂದ. ಮಾತಿನಲ್ಲಿ ತಪ್ಪೇನು ಕಾಣಲಿಲ್ಲ. ಮನೆತನದಲ್ಲೇ ಉಳಿಯುತ್ತದೆ. ವಿಚಾರ ಮಾಡುತ್ತೇನೆ ಎಂದೆ.

೧೦ ಏಪ್ರಿಲ್ ೨೦೦೮, ಗುರುವಾರ

ಮತ್ತೆ ದೊಡ್ಡ ಕಚೇರಿ. ಈಗ ಇಲೆಕ್ಷನ್ ಅಂತೆ, ಅದು ಮುಗಿಯುವ ತನಕ ಬಂದೂಕಿನ ಕಾಗದ ಯಾರೂ ಮುಟ್ಟುವುದಿಲ್ಲವಂತೆ. ಇಲೆಕ್ಷನ್ ಇಲ್ಲದಾಗ ಯಾರು ಮುಟ್ಟಿದ್ದರು ಎಂದು ಕೇಳಿದೆ. ಅದೇ ಗುಮಾಸ್ತ, ಹೊಟ್ಟೆ ಇನ್ನಷ್ಟು ಮುಂದೆ ಬಂದಿದೆ. ಅದೊಂದೇ ಮುಂದೆ ಸಾಗಿದ ಕೆಲಸ.

ಬೆಂಚಿನ ಮೇಲೆ ರಾಮದುರ್ಗದ ಕಡೆಯ, ತೊರಗಲ್ಲಿನ ಮುದುಕನೊಬ್ಬ ಕೂತಿದ್ದ. ಅವನದೂ ಬಂದೂಕಿನ ಅರ್ಜಿ, ನಮಗಿಂತ ಹಳೆಯದು. ಮದುವೆಯ ಲಗ್ನಪತ್ರಿಕೆ ತೋರಿಸುವವನ ಹಾಗೆ ಕಾಗದ ಬಿಚ್ಚಿ ತೋರಿಸಿದ. "ಇಲ್ಲಾ ಅಂದ್ರು ನೋಡಬೇ ಯವ್ವಾ," ಎಂದ. ಮುಖದ ತುಂಬ ನಗು. ಎಲ್ಲರಿಗೂ ಚಹಾ ಹೇಳುತ್ತೇನೆ ಎಂದ. ಕಾದು ಕಾದು ತಲೆ ಕೆಟ್ಟಿದೆ ಪಾಪ ಎಂದುಕೊಂಡೆ. ಚಹಾ ಕುಡಿದೆ.

೧೧ ಆಗಸ್ಟ್ ೨೦೦೮, ಸೋಮವಾರ

ಕೈ ಸುಟ್ಟುಕೊಂಡು ಬಂದಿದ್ದಾಳೆ. ಡಬ್ಬಿಗೆ ಹಂದಿ ಹೆದರುವುದಿಲ್ಲವೆಂದು ಈಗೀಗ ಪಟಾಕಿ ಹಚ್ಚಿ ಎಸೆಯುತ್ತಿದ್ದಳು. ನಿನ್ನೆ ಮಳೆಗೆ ಬತ್ತಿ ಹಸಿಯಾಗಿತ್ತಂತೆ, ಹೊತ್ತಿಕೊಳ್ಳಲಿಲ್ಲವೆಂದು ಕೈಯಲ್ಲೇ ಹಿಡಿದು ಊದಿದ್ದಾಳೆ. ಬಲಗೈ ಅಂಗೈ ಪೂರ್ತಿ ಸುಲಿದು ಹೋಗಿದೆ. ಹೆಬ್ಬೆರಳು ಉಳಿದದ್ದು ಪುಣ್ಯ ಎಂದು ಕಿತ್ತೂರಿನ ಡಾಕ್ಟರು ಹೇಳಿದರು.

ಊದುವ ಬುದ್ಧಿ ಯಾರು ಕೊಟ್ಟರೋ. ಒಲೆ ಎಂದುಕೊಂಡಳೇನು. ಡಾಕ್ಟರ ಮುಂದೆಯೇ ಬೈದೆ.

ಕಿರುಚಲಿಲ್ಲ ಎಂದು ಡಾಕ್ಟರು ಹೇಳಿದರು. ಮನೆಗೆ ಬಂದು ಉಳಿದ ಪಟಾಕಿಯನ್ನೆಲ್ಲ ಬಚ್ಚಲಿಗೆ ಎಸೆದೆ.

೧೪ ಆಗಸ್ಟ್ ೨೦೦೮, ಗುರುವಾರ

ಈ ವಯಸ್ಸಿನಲ್ಲಿ ನನಗೆ ಈ ಸೇವೆ. ರೊಟ್ಟಿ ನಾನೇ ಬಡಿಯಬೇಕು, ಚೂರು ಮಾಡಿ, ಪುಂಡಿಪಲ್ಯ ಸವರಿ ಸೊಸೆಯ ಬಾಯಿಗೆ ನಾನೇ ಇಡಬೇಕು. ಎಡಗೈಯಿಂದ ತಿನ್ನುತ್ತೇನೆ ಎಂದಳು. ಎಡಗೈಯಿಂದ ಉಣ್ಣುವ ಹೊಲಸು ನಮ್ಮ ಮನೆಯಲ್ಲಿ ನಡೆಯುವುದಿಲ್ಲ ಎಂದೆ. ಬೆಳಿಗ್ಗೆ ತಲೆ ಬಾಚಿ ಹೆರಳು ಹಾಕುವುದೂ ನಾನೇ. ಕೂದಲು ಎಷ್ಟು ಉದುರಿದೆ ಆಕೆಯದು. ಎಣ್ಣೆ ಹಚ್ಚುವುದಿಲ್ಲ, ಏನಿಲ್ಲ.

ನಾವು ಉಣ್ಣುವಾಗಲೇ ನಿಜಗುಣಪ್ಪ ಬಂದ. ಬರೆದುಕೊಂಡೇ ಬಂದಿದ್ದ. ಸೊಸೆಯ ಹೆಸರಿಗೆ ಬಂದೂಕು ಕೊಡುವುದಕ್ಕೆ ನನ್ನ ತಕರಾರು ಇದೆ, ಮೈದುನನ ಹೆಸರಿಗೆ ಕೊಡಲು ಇಲ್ಲ, ಎಂದು ನಾನು ಹೇಳಿದ ಹಾಗೆ. ಸಹಿ ಮಾಡ್ರಿ ಎಂದು ಪೆನ್ನು ಚಾಚಿದ. ಸೊಸೆ ತಟ್ಟೆ ನೋಡುತ್ತ ಕೂತಿದ್ದಳು.

ಕೈ ಎಂಜಲಾಗಿದೆ ಎಂದೆ.

ತೊಳಕೋರಿ, ಕೂಡುತ್ತೇನೆ ಎಂದ.

"ದಿನಾ ಎಂಜಲ ಇರತೈತಿ ನನ್ನ ಕೈ. ಈಗ ಎದ್ದು ಹೋಗು, ಆಕಿಗೆ ನಿನ್ನ ಮುಂದ ಉಣ್ಣಾಕ ಸಂಕೋಚ ಆಗಾಕತ್ತೈತಿ," ಎಂದೆ.

ಹೋದ. ರೊಟ್ಟಿ ತಣ್ಣಗಾಗಿ ಬಿರುಸಾಗಿತ್ತು, ಮತ್ತೊಂದು ಬಡಿಯಬೇಕಾಯಿತು. ಉಣ್ಣುವ ಹೊತ್ತಿನಲ್ಲಿ ಬರುವ ಮಂದಿಯನ್ನು ಕಂಡರೆ ನನಗಾಗುವುದಿಲ್ಲ.

೯ ಸೆಪ್ಟೆಂಬರ್ ೨೦೦೮, ಮಂಗಳವಾರ

ಬೈಲಹೊಂಗಲಕ್ಕೆ ಹೋಗಿ ಕಲ್ಮೇಶ ಎಂಬ ವಕೀಲನನ್ನು ಕಂಡೆವು. ಧಾರವಾಡದಲ್ಲಿ ಈಗ ಹೈಕೋರ್ಟು ಆಗಿದೆ, ಬೆಂಗಳೂರಿನ ತನಕ ಹೋಗುವುದು ಬೇಡವಂತೆ. ಸೊಸೆಗೆ ಯಾರು ಹೇಳಿದ್ದರೋ. ಕೋರ್ಟು ಎಂದಾಗ ನಾನು ಎದೆ ಬಡಿದುಕೊಂಡೆ. ನಮ್ಮ ಮನೆತನದವರು ಇದುವರೆಗೆ ಕೋರ್ಟಿನ ಮೆಟ್ಟಿಲು ಹತ್ತಿಲ್ಲ. ಆಕೆ ಇನ್ನೂ ಬಟ್ಟೆ ಸುತ್ತಿದ ಕೈಯನ್ನು ಮಡಿಲಲ್ಲಿಟ್ಟುಕೊಂಡು ಬಾಗಿಲಲ್ಲಿ ನಿಂತೇ ಇದ್ದಳು. ಬಸ್ಸಿನ ಹೊತ್ತಾಗುತ್ತದೆ ಎಂದು ನಾನೇ ಮೊದಲು ಎದ್ದೆ.

ವಕೀಲ ಚಿಕ್ಕವನು, ಮಾತು ನೆಟ್ಟಗಿದೆ. ಕೋರ್ಟು ಬಂದೂಕು ಕೊಡಿಸುತ್ತದೆಯೇ ಎಂದು ಕೇಳಿದೆ.

"ಇಲ್ರಿ ಆಯಿ. ಕೊಡ್ರಿ ಅಂತ ಕೋರ್ಟ್ ಹೇಳೂದಿಲ್ಲ. ಕೊಡೂದು ಬಿಡೂದು ಸಾಹೇಬ್ರ ಕೆಲಸ. ಹೌದರ ಅನ್ರಿ, ಇಲ್ಲರ ಅನ್ರಿ, ಸುಮ್ಮ ಕೂಡಬ್ಯಾಡ್ರಿ, ಇಷ್ಟ ಹೇಳತೈತಿ."

ಒಬ್ಬ ಗಂಡಸಿನ ಬಾಯಿಂದ ಹೌದು ಇಲ್ಲ ಹೊರಡಿಸಲು ಹೈಕೋರ್ಟು ಕಟ್ಟಬೇಕೇ ಈ ದೇಶದಲ್ಲಿ, ಎಂದೆ. ಅದಕ್ಕೆ ಇಂಗ್ಲಿಷಿನಲ್ಲಿ ಮ್ಯಾಂಡಮಸ್ ಎಂಬ ಹೆಸರೂ ಇದೆ ಎಂದ. ಹೆಸರು ಬೇರೆ ಕೇಡು. ಆಮೇಲೆ ತಿಳಿಸಿ ಹೇಳಿದ. ಸಾಹೇಬರು ಇಲ್ಲ ಅಂದರೆ ಯಾಕೆ ಇಲ್ಲ ಎಂದು ಮೇಲಿನವರಲ್ಲಿ ಅಪೀಲು ಹಾಕಬಹುದು, ಅದಕ್ಕೆ ಕಾಯ್ದೆಯಲ್ಲಿ ದಾರಿ ಇದೆ. ಏನೂ ಅನ್ನದೆ ಕೂತರೆ ಅಪೀಲಿಗೂ ದಾರಿ ಇಲ್ಲ. ಯಾವುದರ ಮೇಲೆ ಹಾಕುತ್ತೀರಿ? ಸುಮ್ಮನಿದ್ದಾರೆ ಎಂಬುದರ ಮೇಲೆ ಹಾಕಲು ಈ ರಿಟ್ ಅರ್ಜಿಯೊಂದೇ ಇರುವುದು.

ಆಗ ತೊರಗಲ್ಲಿನ ಮುದುಕ ನೆನಪಾದ. ಅವನ ತಲೆ ನೆಟ್ಟಗೇ ಇತ್ತು.

೮ ಅಕ್ಟೋಬರ್ ೨೦೦೮, ಬುಧವಾರ

ಮಹಾನವಮಿ. ಖಂಡೆ ಪೂಜೆಗೆ ಗೋಡೆಯ ಗೂಟ ಈ ವರ್ಷವೂ ಬರಿದು. ಸೊಸೆ ಕುಡಗೋಲು, ಕುರಪಿ, ಕೊಡಲಿ ತೊಳೆದು ಸಾಲಾಗಿ ಇಟ್ಟಳು. ಕೊನೆಗೆ ಆ ತಗಡಿನ ಡಬ್ಬಿಯನ್ನೂ ತಂದಿಟ್ಟಳು. ಮಾವನ ಬಂದೂಕಿಗೆ ಪೂಜೆಯಾದ ಜಾಗದಲ್ಲಿ ಎಣ್ಣೆ ಡಬ್ಬಿ. ಎತ್ತಿ ಹೊರಗೆ ಎಸೆಯಬೇಕೆನಿಸಿತು.

ಆಕೆಯ ಅಂಗೈಗೆ ಈಗಷ್ಟೇ ಹೊಸ ಚರ್ಮ ಬರುತ್ತಿದೆ, ವಿಭೂತಿ ತಾಗಿದರೆ ಉರಿಯುತ್ತದೆ. ಅದಕ್ಕೆ ಎಲ್ಲಕ್ಕೂ ನಾನೇ ಹಚ್ಚಿದೆ. ಡಬ್ಬಿಗೂ.

೧೨ ನವೆಂಬರ್ ೨೦೦೮, ಬುಧವಾರ

ಕಿತ್ತೂರಿನಿಂದ ಧಾರವಾಡಕ್ಕೆ ಹೋಗುವ ಹೆದ್ದಾರಿಯ ಮಗ್ಗುಲಲ್ಲೇ ಬಯಲಿನಲ್ಲಿ ಕಟ್ಟಿದ್ದಾರೆ ಹೈಕೋರ್ಟು. ಅರಮನೆಯಂಥ ಕಟ್ಟಡ, ಸುತ್ತ ಒಂದು ಗಿಡದ ನೆರಳಿಲ್ಲ. ಹಿಂದಿನ ಸಾಲಿನಲ್ಲಿ ಕೂಡಿಸಿದರು. ಎಲ್ಲ ಇಂಗ್ಲಿಷು. ನಮ್ಮ ಪಾಳಿ ಬಂದದ್ದೂ ತಿಳಿಯಲಿಲ್ಲ, ಮುಗಿದದ್ದೂ ತಿಳಿಯಲಿಲ್ಲ. ಸರಕಾರದ ವಕೀಲ ಏನೋ ಓದಿದ, ಕಲ್ಮೇಶ ತಿರುಗಿ ನನ್ನನ್ನು ನೋಡಿದ. ಜಡ್ಜರು ಏನೋ ಕೇಳಿದರು, ಸರಕಾರದ ವಕೀಲ ತಲೆ ಕೆಳಗೆ ಹಾಕಿದ. ಅಷ್ಟೇ.

ಹೊರಗೆ ಬಂದ ಮೇಲೆ ಕಲ್ಮೇಶ ಎಂಟು ವಾರದೊಳಗೆ ತೀರ್ಮಾನ ಹೇಳಬೇಕೆಂದು ದೊಡ್ಡ ಸಾಹೇಬರಿಗೆ ಆದೇಶವಾಗಿದೆ ಎಂದ. ಒಳ್ಳೆಯದಾಯಿತು ಎಂದೆ. ಅವನ ಮುಖ ಒಳ್ಳೆಯದಾದವನ ಮುಖವಾಗಿರಲಿಲ್ಲ.

"ಆಯಿ, ಅರ್ಜಿ ಯಾಕ ಕುಂತಿತ್ತು ಅಂತ ಇವತ್ತ ಗೊತ್ತಾತ್ರಿ. ಅರ್ಜಿದಾರಳು ಕೋಪಿಷ್ಠಳು, ಬಂದೂಕ ಕೊಟ್ರ ಊರಿಗೆ ಅಪಾಯ ಐತಿ ಅಂತ ಪೊಲೀಸ್ ವರದಿ ಐತಿ."

ಅಂಥ ಸುಳ್ಳು ಬರೆಸಿದ ಹಲ್ಕಾ ಯಾರು, ನಿಜಗುಣಪ್ಪನೇ ಇರಬೇಕು ಎಂದೆ.

"ನೀವ್ರೀ," ಎಂದ. "ಅರ್ಜಿದಾರಳ ಅತ್ತೆಯೇ ಹೇಳಿರುತ್ತಾರೆ ಅಂತ ಬರದಾರ."

ಹೆದ್ದಾರಿಯಲ್ಲಿ ಲಾರಿಗಳು ಹೋಗುತ್ತಿದ್ದವು. ಸೊಸೆ ನನ್ನ ಚೀಲ ಹಿಡಿದುಕೊಂಡು ನಿಂತಿದ್ದಳು. ನಾನು ಹೇಳಿದ್ದು ನಗಲಿಕ್ಕೆ. ಅವನು ನಕ್ಕನಲ್ಲ. ನಕ್ಕಿದ್ದನ್ನು ಯಾಕೆ ಬರೆಯಲಿಲ್ಲ ಆ ಲಕ್ಕಪ್ಪ? ಚಹಾ ಕುಡಿದದ್ದನ್ನು ಯಾಕೆ ಬರೆಯಲಿಲ್ಲ?

ಜಡ್ಜರು ಕೇಳಿದ್ದು ಇದಂತೆ: ಅಷ್ಟು ಅಪಾಯದವಳಾಗಿದ್ದರೆ ಅಂದೇ ಇಲ್ಲ ಎಂದು ಹೇಳಲು ನಿಮಗೇನು ಅಡ್ಡಿ ಇತ್ತು? ಅವರೊಬ್ಬರು ಮನುಷ್ಯರಂತೆ ಕಂಡರು.

೧೩ ನವೆಂಬರ್ ೨೦೦೮, ಗುರುವಾರ

ಸೊಸೆ ಬೈಯಲಿಲ್ಲ. ರೊಟ್ಟಿ ಬಡಿದಳು, ನೀರು ಕಾಸಿ ಕೊಟ್ಟಳು, ಹೊಲಕ್ಕೆ ಹೋದಳು, ಬಂದಳು. ಹಂಗ ಅಂದದ್ದು ಹೌದೇನ್ರಿ ಅತ್ತಿ ಎಂದು ಕೇಳಲಿಲ್ಲ. ಹೋಗಲಿ ಬಿಡ್ರಿ ಎಂದೂ ಅನ್ನಲಿಲ್ಲ. ದಿನವಿಡೀ ಕಚೇರಿಯ ಬೆಂಚಿನ ಮೇಲೆ ಕೂತ ಹಾಗೆ ಕೂತಿದ್ದೆ ನನ್ನ ಮನೆಯಲ್ಲಿ ನಾನು.

೨೮ ಜನವರಿ ೨೦೦೯, ಬುಧವಾರ

ಎಂಟು ವಾರ ಆಗಿ ಹೋಯಿತು. ಹೈಕೋರ್ಟು ಹೇಳಿದರೂ ಬಾಯಿ ಬಿಡದ ಮಂದಿ. ಕೊನೆಗೆ ಕಲ್ಮೇಶ ಮತ್ತೊಂದು ನೋಟೀಸು ಕಳಿಸಿದ, ಕೋರ್ಟಿನ ಮಾತು ಮೀರಿದ್ದಕ್ಕೆ ನಿಮ್ಮ ಮೇಲೆಯೇ ಕೇಸು ಹಾಕುತ್ತೇವೆ ಎಂದು. ಆ ಕಾಗದ ಮುಟ್ಟಿದ ವಾರದಲ್ಲೇ ಅತ್ತ ಕಡೆ ಮೈಯಲ್ಲಿ ಜೀವ ಬಂತು. ಫೆಬ್ರುವರಿ ಮೂರಕ್ಕೆ ದೊಡ್ಡ ಸಾಹೇಬರ ಮುಂದೆ ಹಾಜರಾಗಬೇಕು, ಅರ್ಜಿದಾರಳೂ, ಅವಳ ಅತ್ತೆಯೂ.

ನಾನು ಬಾಯಿ ತೆರೆದರೆ ಕೆಡುತ್ತದೆ, ಒಬ್ಬಳೇ ಹೋಗು ಎಂದೆ.

"ಬರ್ರಿ ಅತ್ತೀ," ಎಂದಳು ಅನ್ನಪೂರ್ಣಾ. "ನೀವಿಲ್ಲಂದ್ರ ಆ ಗುಮಾಸ್ತಗ ಬೈಯವ್ರ್ಯಾರು?"

ನಗುತ್ತಿದ್ದಳೋ ಇಲ್ಲವೋ, ಒಲೆಯ ಕಡೆ ಮುಖ ಇತ್ತು.

೩ ಫೆಬ್ರುವರಿ ೨೦೦೯, ಮಂಗಳವಾರ

ಸಾಹೇಬರು ಇಷ್ಟು ಎಳೆಯವರೆಂದು ತಿಳಿದಿರಲಿಲ್ಲ. ಬೇರೆ ರಾಜ್ಯದವರು, ಪುಸ್ತಕದ ಕನ್ನಡ. ಇಷ್ಟು ದಿನ ಮೀಸೆ ಹೊತ್ತ ರಾಕ್ಷಸನನ್ನು ಮನಸ್ಸಿನಲ್ಲಿ ಬೈಯುತ್ತಿದ್ದೆ, ಬೈದದ್ದೆಲ್ಲ ಯಾರಿಗೆ ಹೋಯಿತೋ. ಹೊಟ್ಟೆಯ ಗುಮಾಸ್ತ ಗೋಡೆಗೆ ಹತ್ತಿ ನಿಂತಿದ್ದ. ಕಲ್ಮೇಶನೂ ಬಂದಿದ್ದ.

ಸಾಹೇಬರು ಲಕ್ಕಪ್ಪನ ವರದಿ ಓದಿ, ಇದನ್ನು ನೀವು ಹೇಳಿದ್ದು ಹೌದೇ ಅಜ್ಜಿ ಎಂದು ಕೇಳಿದರು. ಹೇಳಿಲ್ಲ ಎನ್ನಿರಿ ಎಂದು ಬಸ್ಸಿನಲ್ಲಿ ಯಾರಾದರೂ ಹೇಳಿಕೊಟ್ಟಿದ್ದರೆ ಹಾಗೆ ಅನ್ನುತ್ತಿದ್ದೆನೋ ಏನೋ. ಯಾರೂ ಹೇಳಿಕೊಟ್ಟಿರಲಿಲ್ಲ. ಹೌದ್ರಿ, ಹೇಳೇನಿ ಎಂದೆ. ಗುಮಾಸ್ತನ ಮುಖ ಅರಳಿತು.

"ಹಾಗಾದರೆ ಈಕೆ ಕೋಪಿಷ್ಠೆ, ಅಲ್ಲವೇ?"

"ಸಾಹೇಬ್ರ, ನಮ್ಮ ಕಡೆ ಎಮ್ಮಿ ಎಷ್ಟ ಹಾಲ ಕೊಡತೈತಿ ಅಂತ ಹೊರಗಿನವ್ರು ಕೇಳಿದ್ರ ಕಡಿಮಿನ ಹೇಳತೇವ್ರಿ. ಪೀಕ ಹೆಂಗೈತಿ ಅಂದ್ರ ಇಲ್ಲ ಬಿಡ್ರಿ ಅಂತೇವಿ. ದೃಷ್ಟಿ ಆಗತೈತಿ ಅಂತ. ನನ್ನ ಮಗ ಸತ್ತು ಮೂರು ತಿಂಗಳಾಗಿದ್ದಿಲ್ಲ. ಮನ್ಯಾಗ ಉಳದಿದ್ದು ಈಕಿ ಒಬ್ಬಾಕಿ, ಒಂದು ಕೂಸು. ಖಾಕಿ ಅಂಗಿ ಹಾಕ್ಕೊಂಡು ಬಂದಾವನ ಮುಂದ ನನ್ನ ಸೊಸಿ ಬಂಗಾರ ಅಂತ ಹೇಳಿ ಇದನ್ನೂ ಕಳಕೊಳ್ಳಲೇನ್ರಿ?"

ಸಾಹೇಬರು ಕಲ್ಮೇಶನ ಕಡೆ ನೋಡಿದರು, ಕಲ್ಮೇಶ ಇಂಗ್ಲಿಷಿನಲ್ಲಿ ಏನೋ ತಿಳಿಸಿದ. ಸಾಹೇಬರು ಪೆನ್ನು ಕೆಳಗಿಟ್ಟರು. ಈಗ ಹೊಗಳಿ ನೋಡೋಣ ಎಂದರು. ಅದನ್ನೂ ತಾವು ಬರೆದುಕೊಳ್ಳಬೇಕಂತೆ.

ಬೈಯುವುದಾಗಿದ್ದರೆ ಎಂಥ ಸಲೀಸು. ಅಷ್ಟು ಮಂದಿಯ ಮುಂದೆ, ಅದೂ ಆಕೆ ಮಗ್ಗುಲಲ್ಲಿ ನಿಂತಿರುವಾಗ. ಆಕೆ ಕೆಳಗೆ ನೋಡುತ್ತಿದ್ದಳು, ಬಲಗೈ ಮುಚ್ಚಿತ್ತು. ಆ ಕೈ ಹಿಡಿದು ಬಿಡಿಸಿ ಮೇಜಿನ ಮೇಲೆ ಇಟ್ಟೆ.

"ಇದನ್ನ ನೋಡ್ರಿ. ನಿಮ್ಮ ಕಾಗದ ಕುಂತಾಗ ಹಂದಿ ಕುಂತಿದ್ದಿಲ್ರಿ. ಎರಡು ವರ್ಷ ನಿಮ್ಮ ಕಚೇರಿ ತಿರಗ್ಯಾಳ ಈಕಿ. ಒಬ್ಬಗೂ ಒಂದು ಕೆಟ್ಟ ಮಾತು ಆಡಿಲ್ಲ. ಇಗಾ, ಅಲ್ಲಿ ಗ್ವಾಡಿಗೆ ನಿಂತಾನಲ್ರಿ, ಅವಗೂ ಸರ್ ಸರ್ ಅಂದಾಳ. ಅವನ ಮುಂದ ಎರಡು ವರ್ಷ ನಿಂತೂ ಸಿಟ್ಟ ಮಾಡದಾಕಿಗೆ ಬಂದೂಕ ಕೊಡಾಕ ಆಗೂದಿಲ್ಲಂದ್ರ, ಇಡೀ ಜಿಲ್ಲಾದಾಗ ಯಾರಿಗೆ ಕೊಡತೀರಿ?"

ಸಾಹೇಬರು ನಗಲಿಲ್ಲ. ಆ ಅಂಗೈಯನ್ನು ಬಹಳ ಹೊತ್ತು ನೋಡಿದರು. ಆಮೇಲೆ ಬರೆದುಕೊಂಡರು. ಲಕ್ಕಪ್ಪನ ಹಾಗೆ ಅಲ್ಲ, ಬರೆದದ್ದನ್ನು ಓದಿ ಹೇಳಿದರು, ಸರಿಯಿದೆಯೇ ಎಂದು ಕೇಳಿದರು. ಗುಮಾಸ್ತನ ಮಾತು ಮಾತ್ರ ಬಿಟ್ಟಿದ್ದರು. ಅದನ್ನೂ ಹಾಕ್ರಿ ಎಂದೆ. ಕಲ್ಮೇಶ ನನ್ನ ಸೆರಗು ಜಗ್ಗಿದ.

ಸಾಹೇಬರ ಮುಂದೆ ಏನಾದರೂ ಹೇಳಬೇಕಲ್ಲ, ಹೇಳಿದೆ. ಇಷ್ಟು ಮಂದಿಯ ಕಣ್ಣು ಒಂದೇ ಸಲಕ್ಕೆ ಬಿತ್ತು ಆಕೆಯ ಮೇಲೆ. ಮನೆಗೆ ಬಂದವಳೇ ಕಾಲು ತೊಳೆಯುವ ಮೊದಲೇ ಅನ್ನಪೂರ್ಣಾಳನ್ನು ಹೊಸ್ತಿಲಲ್ಲಿ ನಿಲ್ಲಿಸಿ ಉಪ್ಪು, ಒಣಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದೆ. ಮುಷ್ಟಿ ತುಂಬ ಮೆಣಸಿನಕಾಯಿ, ಒಂದು ಚೂರು ಘಾಟು ಬರಲಿಲ್ಲ. ಅಷ್ಟು ದೃಷ್ಟಿ ಆಗಿತ್ತು.

೨೦ ಫೆಬ್ರುವರಿ ೨೦೦೯, ಶುಕ್ರವಾರ

ಹೌದು ಅಂದರು. ಲೈಸೆನ್ಸಿನ ಪುಸ್ತಕ ಬಂತು. ಅದರಲ್ಲಿ ಅನ್ನಪೂರ್ಣಾಳ ಫೋಟೋ, ಹೆದರಿದ ಕೋಳಿಯ ಹಾಗೆ ಬಂದಿದೆ.

ಇವತ್ತು ಠಾಣೆಗೆ ಹೋಗಿ ಬಂದೂಕು ಬಿಡಿಸಿಕೊಂಡು ಬಂದೆವು. ಹಿಂದಿನ ಕೋಣೆಯಲ್ಲಿ ಮುರಿದ ಸೈಕಲ್ಲು, ಕಳ್ಳಭಟ್ಟಿಯ ಕೊಡ, ಅದರ ಕೆಳಗೆ ನನ್ನ ಮಾವನ ಬಂದೂಕು. ಜೇಡ ಗೂಡು ಕಟ್ಟಿತ್ತು. ನಳಿಗೆಗೆ ತುಕ್ಕು, ಹಿಡಿಗೆ ಗೆದ್ದಲು. ಒಯ್ಯುವಾಗ ಕನ್ನಡಿಯ ಹಾಗಿತ್ತು. ಇಟ್ಟುಕೊಳ್ಳಲು ಬಾರದವರು ಕಸಿದುಕೊಳ್ಳುವುದು ಯಾಕೆ?

ಬೈಲಹೊಂಗಲದ ರಿಪೇರಿಯವನ ಹತ್ತಿರ ತೋರಿಸಿ, ನಡೆಯುತ್ತದೆ ಎಂದ ಮೇಲೆ ಮನೆಗೆ ತಂದೆವು. ಸಂಜೆ ಹೊಲದ ಬದುವಿಗೆ ನಿಂತು ಗಾಳಿಯಲ್ಲಿ ಒಂದು ಗುಂಡು ಹಾರಿಸಿದಳು. ಅಡವಿಯ ಹಕ್ಕಿಯೆಲ್ಲ ಎದ್ದಿತು. ಬಂದೂಕು ಹಿಂದಕ್ಕೆ ಒದ್ದ ರಭಸಕ್ಕೆ ಒಂದು ಹೆಜ್ಜೆ ಹಿಂದೆ ಬಂದು ನನ್ನ ಕಾಲು ತುಳಿದಳು.

ಅಂದಾನೆಪ್ಪನಿಗೂ ಮೊದಲ ಸಲ ಹಾಗೇ ಆಗಿತ್ತು. ಅವನು ಬಿದ್ದೇಬಿಟ್ಟಿದ್ದ.

೫ ಮಾರ್ಚ್ ೨೦೦೯, ಗುರುವಾರ

ಮತ್ತೆ ಇಲೆಕ್ಷನ್. ಈ ಸಲ ದಿಲ್ಲಿಯದು. ಇಲೆಕ್ಷನ್ ಬಂದರೆ ಊರಲ್ಲಿ ಬಂದೂಕಿದ್ದವರೆಲ್ಲ ತಂದು ಠಾಣೆಯಲ್ಲಿ ಇಡಬೇಕಂತೆ, ನೋಟೀಸು ಬಂತು. ಗೋಡೆಯ ಗೂಟಕ್ಕೆ ಬಂದು ಎರಡು ವಾರ ಆಗಿಲ್ಲ. ಉಗುಳಬೇಕು ಇವರ ಮುಖಕ್ಕೆ. ಎರಡು ವರ್ಷ ಹೌದು ಅನ್ನಲು ಬಾರದ ಬಾಯಿಗೆ, ತಂದಿಡಿ ಅನ್ನಲು ಎರಡು ದಿನ ಸಾಕು.

ಅನ್ನಪೂರ್ಣಾ ಬಂದೂಕಿಗೆ ಎಣ್ಣೆ ಹಚ್ಚಿ, ಹಳೆಯ ಸೀರೆಯಲ್ಲಿ ಕೂಸಿನ ಹಾಗೆ ಸುತ್ತಿದಳು. ಠಾಣೆಯಲ್ಲಿ ಪಾವತಿ ಬರೆಯಲು ಕೂತವನು ಲಕ್ಕಪ್ಪ. ನನ್ನನ್ನು ಕಂಡು ಹಲ್ಲು ಬಿಟ್ಟ.

"ಏನ್ ಆಯಿ, ಈಗ ಹೆಂಗೈತಿ ಸೊಸಿ ಸ್ವಭಾವ?"

ನಾಲಿಗೆಯ ತುದಿಗೆ ಏನೇನು ಬಂತೋ, ಒಂದಕ್ಕಿಂತ ಒಂದು ಚೆಂದ. ಅವನ ಕೈಯಲ್ಲಿದ್ದ ಪೆನ್ನು ನೋಡಿದೆ. ನುಂಗಿದೆ.

ಅವನು ಬರೆಯತೊಡಗಿದ. ಬಂದೂಕಿನ ನಂಬರು, ನಳಿಗೆ ಒಂದು, ಊರು. ಮಾಲೀಕರು ಎಂಬಲ್ಲಿ, ರೂಢಿಯೋ ಏನೋ, ಅಂದಾನೆಪ್ಪ ಎಂದು ಬರೆದ. ದುಂಡಗೆ ಬರೆದಿದ್ದ. ನನ್ನ ಮಗನ ಹೆಸರನ್ನು ಯಾರೂ ಬರೆದು ಎಷ್ಟು ದಿನವಾಗಿತ್ತು. ಅನ್ನಪೂರ್ಣಾ ನೋಡಿದಳು, ನೋಡಿ ಸುಮ್ಮನಿದ್ದಳು. ನನ್ನ ಸಲುವಾಗಿ ಸುಮ್ಮನಿದ್ದಳು ಎಂದು ಕಾಣುತ್ತದೆ.

"ಅದನ್ನ ಹೊಡಿ," ಎಂದೆ.

"ಇರ್ಲಿ ಬಿಡ್ರಿ ಆಯಿ, ಮನಿ ಒಂದ ಅಲ್ಲೇನು?"

"ಹೊಡಿ ಅಂದ್ನಿ. ನಾಳೆ ಬಿಡಿಸಿಕೊಳ್ಳಾಕ ಬಂದಾಗ ಮಾಲೀಕ ಸತ್ತಾನ, ನೀ ಯಾರು ಅಂತ ಕೇಳಾವ ನೀನ. ಅನ್ನಪೂರ್ಣಾ ಅಂತ ಬರಿ. ನನ್ನ ಮುಂದ ಬರಿ."

ಮಗನ ಹೆಸರಿನ ಮೇಲೆ ಗೆರೆ ಎಳೆದ. ನೋಡುತ್ತ ನಿಂತೆ. ಮೇಲೆ ಅನ್ನಪೂರ್ಣಾ ಎಂದು ಬರೆದ. ಓದಿ ಹೇಳು ಎಂದೆ, ಓದಿದ.

ಇಲೆಕ್ಷನ್ ಮುಗಿದ ಮೇಲೆ ಕೊಡದೆ ಸತಾಯಿಸಿದರೆ ಕೋರ್ಟು ಹೆದ್ದಾರಿಯ ಮಗ್ಗುಲಲ್ಲೇ ಇದೆ, ದಾರಿ ಗೊತ್ತಿದೆ.

ಹೊತ್ತು ಮುಳುಗುವಾಗ ಈ ವರ್ಷ ಹಾಕಿದ ಕಬ್ಬಿನ ಕಡೆ ಹಂದಿಯ ಸಪ್ಪಳವಾಯಿತು. ಅನ್ನಪೂರ್ಣಾ ತಗಡಿನ ಡಬ್ಬಿ ತೆಗೆದುಕೊಂಡು ಹೊರಟಳು. ಮೆಟ್ಟು ಹಾಕಿಕೊಂಡು ನಾನೂ ಹೋದೆ. ಒಂದೇ ಡಬ್ಬಿ ಇತ್ತು, ಅದನ್ನು ನಾನೇ ತೆಗೆದುಕೊಂಡೆ. ಆಕೆಯ ಅಂಗೈಗೆ ಬಡಿತ ತಾಳುವುದಿಲ್ಲ. ಬದುವಿನ ಈ ತುದಿಯಿಂದ ಆ ತುದಿಯ ತನಕ ಬಾರಿಸಿದೆ. ನಿಜಗುಣಪ್ಪ ತನ್ನ ಹೊಲದಲ್ಲಿ ನಿಂತು ನೋಡುತ್ತಿದ್ದ. ನೋಡಲಿ.

ಕೈ ಬಹಳ ನೋಯುತ್ತಿದೆ. ಇವತ್ತಿಗೆ ಬೈಯುವುದು ಇಷ್ಟೇ.